ಕೈಯ ಕಸುಬಿನಿಂದ ಕರ್ನಲ್ ಪದವಿಗೆ

ಕುಣಿಗಲ್ ಎಂದೊಡನೆ ಕೆಲವರಿಗೆ ಕೆರೆಯ ನೆನಪಾಗುತ್ತದೆ, ಕೆಲವರಿಗೆ ಕುದುರೆಯ ನೆನಪು. ಟಿಪ್ಪುವಿನ ದಂಡಿಗೆ ಕುದುರೆ ಒದಗಿಸಿದ ಊರೆಂಬ ಖ್ಯಾತಿಯ ಅಲ್ಲಿನ ಫಾರಮ್ಮು ಮುಂದಿನ ದಿನಗಳಲ್ಲಿ ಪಂದ್ಯದ ಕುದುರೆಗಳ ತವರಾಯಿತು. ಕುದುರೆ ಸಾಕುವವರಿಗೆ ಒಂದು ಸಂಗತಿ ಚೆನ್ನಾಗಿ ಗೊತ್ತು. ಕಾಲು ನೊಂದ ಕುದುರೆಯನ್ನು ಲಾಯದಲ್ಲಿ ಕಟ್ಟಿ ಹುಲ್ಲು ಹಾಕಿದರೆ ಸಾಲದು. ಊತ ಇಳಿಯುವ ತನಕ ತಣ್ಣೀರು ಹನಿಸಬೇಕು. ಆಮೇಲೆ ಕಾಲನ್ನು ಅಂಗೈಯಿಂದ ಮೆಲ್ಲಗೆ ನೀವಬೇಕು. ಆಮೇಲೆ ಹಗ್ಗ ಹಿಡಿದು ಮೊದಲ ದಿನ ನಾಲ್ಕು ಹೆಜ್ಜೆ, ಮರುದಿನ ಎಂಟು ಹೆಜ್ಜೆ ನಡೆಸಬೇಕು. ನಿಂತಲ್ಲೇ ನಿಂತ ಕುದುರೆ ನಿಂತಲ್ಲೇ ಕೆಡುತ್ತದೆ.

ದಂಡಿನ ಲೆಕ್ಕದಲ್ಲಿ ಕುದುರೆ ಬೆಲೆಬಾಳುವ ಪ್ರಾಣಿ. ಅದಕ್ಕೆ ಈ ಆರೈಕೆ ದೊರೆಯಿತು. ಅದರ ಬೆನ್ನ ಮೇಲೆ ಕುಳಿತಿದ್ದ ಸಿಪಾಯಿಗೆ ಮಾತ್ರ ಬಹುಕಾಲ ಈ ಭಾಗ್ಯವಿರಲಿಲ್ಲ. ಗಾಯ ಮಾಯ್ದು, ಹೊಲಿಗೆ ಬಿಚ್ಚಿದರೆ ವೈದ್ಯರ ಕೆಲಸ ಮುಗಿಯಿತು. ಮಡಿಸಲಾಗದ ಮೊಣಕಾಲು, ಎತ್ತಲಾಗದ ತೋಳು ಅವನ ಹಣೆಯ ಬರಹ. ಒಂದಷ್ಟು ಪಿಂಚಣಿ ಕೈಗಿಟ್ಟು ಊರಿಗೆ ಕಳುಹಿಸಿದರಾಯಿತು.

ಕಾಲ ಬದಲಾಗಿದೆ. ನಾಟಕರತ್ನ ವೀರಣ್ಣನವರಿಂದ ಹೆಸರಾದ ಗುಬ್ಬಿಯ ತಾಲ್ಲೂಕಿನಲ್ಲಿ, ಬಿದರೆಹಳ್ಳ ಕಾವಲಿನ ಬಯಲಿನಲ್ಲಿ, 2023ರ ಫೆಬ್ರವರಿ 6ರಂದು ಎಚ್.ಎ.ಎಲ್. ಸಂಸ್ಥೆಯ ಹೆಲಿಕಾಪ್ಟರ್ ಕಾರ್ಖಾನೆ ಉದ್ಘಾಟನೆಯಾಯಿತು. ಹೆಲಿಕಾಪ್ಟರು ಯುದ್ಧದ ವಾಹನವಷ್ಟೇ ಅಲ್ಲ. ಹಿಮಾಲಯದ ಕಣಿವೆಯಲ್ಲಿ ಗುಂಡು ತಗುಲಿದ ಯೋಧನನ್ನು ಎತ್ತಿ ತಂದು ಶಸ್ತ್ರವೈದ್ಯನ ಮುಂದೆ ಮಲಗಿಸುವ ವಾಹನವೂ ಹೌದು. ಹಿಂದೆ ದಾರಿಯಲ್ಲೇ ಕಣ್ಣು ಮುಚ್ಚುತ್ತಿದ್ದವರು ಈಗ ಬದುಕುತ್ತಾರೆ. ಆದರೆ ಪ್ರಾಣವುಳಿದವನು ಮಂಚದಿಂದಿಳಿದು ನಿಲ್ಲಬೇಡವೇ? ಮಗ್ಗಿಗೆಯ ಹಿಡಿಗೆ ಬೆರಳು ಸುತ್ತಿ ನೀರು ಕುಡಿಯಬೇಡವೇ? ಹೆಲಿಕಾಪ್ಟರು ಗಂಟೆಗಳಲ್ಲಿ ಮುಗಿಸುವ ಕೆಲಸದ ಮುಂದಿನ ಭಾಗ ತಿಂಗಳುಗಟ್ಟಲೆ ನಡೆಯುವಂಥದು. ಅದನ್ನು ಮಾಡುವವರನ್ನು ಫಿಸಿಯೋಥೆರಪಿಸ್ಟ್ ಎನ್ನುತ್ತಾರೆ.

ಈ ಕೆಲಸ ಕೈಯ ಕಸುಬೆಂದು, ಮಾಲೀಸಿಗಿಂತ ಒಂದು ಮೆಟ್ಟಿಲು ಮೇಲಿನದೆಂದು ಎಣಿಸುತ್ತಿದ್ದ ಕಾಲದಲ್ಲಿ ಸೈನ್ಯದ ಆಸ್ಪತ್ರೆಯನ್ನು ಹೊಕ್ಕು, ಮೂರು ದಶಕಗಳಾಚೆ ಅದೇ ಸೈನ್ಯದಲ್ಲಿ ಕರ್ನಲ್ ಪದವಿ ಧರಿಸಿ ಹೊರಬಂದ ಒಬ್ಬ ಮಹಿಳೆಯ ಕಥೆ ಇದು. ಆಕೆಯ ಹೆಸರು ಎಮ್ಮಾ ವೋಗೆಲ್, ದೇಶ ಅಮೆರಿಕ.

ಯುದ್ಧ ತಂದ ಹೊಸ ವಿದ್ಯೆ

ನೀವುವ ವಿದ್ಯೆ ನಮ್ಮವರಿಗೆ ಹೊಸದಲ್ಲ. ಬಾಣಂತಿಗೆ ಎಣ್ಣೆ ತಿಕ್ಕುವ ಅಜ್ಜಿಯರು, ಉಳುಕು ತೆಗೆಯುವ ನಾಟಿ ವೈದ್ಯರು, ಗರಡಿಯಲ್ಲಿ ಪೈಲ್ವಾನರ ಮೈ ತಿಕ್ಕುವ ಉಸ್ತಾದರು ಊರೂರಿನಲ್ಲೂ ಇದ್ದರು. ತುಮಕೂರು ಜಿಲ್ಲೆಯ ಪಾವಗಡ ತಾಲ್ಲೂಕಿನ ಸೂಲಗಿತ್ತಿ ನರಸಮ್ಮನವರು ಹದಿನೈದು ಸಾವಿರಕ್ಕೂ ಮಿಕ್ಕು ಹೆರಿಗೆಗಳನ್ನು ಹಣ ಮುಟ್ಟದೆ ಮಾಡಿಸಿದವರು. ತುಮಕೂರು ವಿಶ್ವವಿದ್ಯಾನಿಲಯ ಅವರಿಗೆ ಗೌರವ ಡಾಕ್ಟರೇಟ್ ನೀಡಿದ್ದು 2014ರಲ್ಲಿ, ಸರಕಾರ ಪದ್ಮಶ್ರೀ ನೀಡಿದ್ದು 2018ರಲ್ಲಿ. ಅದೇ ವರ್ಷದ ಡಿಸೆಂಬರಿನಲ್ಲಿ, ಮುಪ್ಪಿನ ತುದಿಯಲ್ಲಿ, ಅವರು ತೀರಿಕೊಂಡರು. ಕೈ ಬಲ್ಲ ವಿದ್ಯೆಗೆ ಕಾಗದದ ಮನ್ನಣೆ ಬರುವುದು ತಡವಾಗಿಯೇ. ವೋಗೆಲ್ ಅವರ ಕಥೆಯೂ ಈ ಜಾತಿಯದು, ಆದರೆ ಅಲ್ಲಿ ತಡವಾದದ್ದರ ಫಲ ಸೆರೆಮನೆಯವರೆಗೆ ಹೋಯಿತು.

1917ರಲ್ಲಿ ಅಮೆರಿಕ ಮೊದಲ ಮಹಾಯುದ್ಧಕ್ಕಿಳಿಯಿತು. ಯೂರೋಪಿನಲ್ಲಿ ಯುದ್ಧ ಆಗಲೇ ಮೂರು ವರ್ಷ ಹಳೆಯದು. ಕಂದಕಗಳಿಂದ ಕೈಕಾಲು ಮುರಿದ ಸಿಪಾಯಿಗಳು ಸಾವಿರಗಟ್ಟಲೆ ಬರುತ್ತಿದ್ದರು. ಇಂಗ್ಲೆಂಡಿನಲ್ಲಿ ಸರ್ ರಾಬರ್ಟ್ ಜೋನ್ಸ್ ಎಂಬ ಮೂಳೆವೈದ್ಯರು, ಮುರಿದ ಮೂಳೆ ಕೂಡಿದರೆ ಸಾಲದು, ಕೂಡಿದ ಅಂಗ ಕೆಲಸಕ್ಕೆ ಬರಬೇಕು ಎಂಬ ತತ್ತ್ವದ ಮೇಲೆ ಸೈನಿಕರ ಆಸ್ಪತ್ರೆಗಳನ್ನು ನಡೆಸುತ್ತಿದ್ದರು. ಅವರೊಡನೆ ಕೆಲಸ ಮಾಡಿ ಪಳಗಿದ ಮೇರಿ ಮೆಕ್‌ಮಿಲನ್ ಎಂಬಾಕೆ ಹುಟ್ಟಿನಿಂದ ಅಮೆರಿಕದವಳು. 1918ರಲ್ಲಿ ಅಮೆರಿಕದ ಸೈನ್ಯ ಆಕೆಯನ್ನು ವಾಷಿಂಗ್ಟನ್ನಿನ ವಾಲ್ಟರ್ ರೀಡ್ ಆಸ್ಪತ್ರೆಗೆ ಕರೆಸಿಕೊಂಡಿತು. ಅದೇ ವರ್ಷ ದೇಶದ ಪಶ್ಚಿಮ ತುದಿಯ ಪೋರ್ಟ್‌ಲೆಂಡ್ ನಗರದ ರೀಡ್ ಕಾಲೇಜಿನಲ್ಲಿ ತರುಣಿಯರಿಗೆ ತರಬೇತಿ ಆರಂಭವಾಯಿತು. ಮೆಕ್‌ಮಿಲನ್ ಅಲ್ಲಿ ಗುರುವಾದರು. ಕಲಿಯಲು ಬಂದವರಲ್ಲಿ ವ್ಯಾಯಾಮ ಶಿಕ್ಷಣದ ಹಿನ್ನೆಲೆಯವರೇ ಬಹಳ. ಅವರಲ್ಲೊಬ್ಬರು ಎಮ್ಮಾ ವೋಗೆಲ್.

ಈ ತರುಣಿಯರಿಗೆ ಸೈನ್ಯವಿಟ್ಟ ಹೆಸರು ‘ಪುನರ್ನಿರ್ಮಾಣದ ಸಹಾಯಕಿಯರು’. ಮನೆ ದುರಸ್ತಿಗೆ ಒಪ್ಪುವ ಹೆಸರಾದರೂ ಅರ್ಥ ತಪ್ಪಿರಲಿಲ್ಲ. ಬಿಸಿನೀರಿನ ತೊಟ್ಟಿ, ವಿದ್ಯುತ್ತಿನ ಸಣ್ಣ ಯಂತ್ರ, ಮರದ ಕಂಬಿಗಳು, ಮರಳಿನ ಚೀಲ, ಎಲ್ಲಕ್ಕಿಂತ ಮಿಗಿಲಾಗಿ ಎರಡು ಕೈ, ಇಷ್ಟೇ ಅವರ ಆಯುಧ.

ಅವರ ಕೆಲಸದ ಒಳಗುಟ್ಟನ್ನು ಓದುಗರು ಮನೆಯಲ್ಲೇ ಕಂಡಿರಬಹುದು. ಮಗುವಿನ ಕೈ ಮುರಿದು, ಆರು ವಾರ ಪ್ಲಾಸ್ಟರಿನಲ್ಲಿಟ್ಟು ಬಿಚ್ಚಿದಾಗ ಆ ಕೈ ಇನ್ನೊಂದಕ್ಕಿಂತ ಸಣ್ಣಗೆ, ಬಿಳಿಚಿಕೊಂಡು ಕಾಣುತ್ತದೆ. ದುಡಿಯದ ಸ್ನಾಯುವನ್ನು ದೇಹ ಸಾಕುವುದಿಲ್ಲ. ಕೀಲಿನ ಸುತ್ತಲಿನ ಪೊರೆ ಅಲುಗಾಟವಿಲ್ಲದೆ ಕುಗ್ಗಿ ಬಿಗಿದುಕೊಳ್ಳುತ್ತದೆ. ಮಂಚದ ಮೇಲೆ ತಿಂಗಳುಗಟ್ಟಲೆ ಮಲಗಿದವನ ಸ್ಥಿತಿ ಇನ್ನೂ ಕಷ್ಟ; ತೊಡೆಯ ಸ್ನಾಯು ಸೊರಗಿ, ಎದ್ದು ನಿಂತರೆ ತಲೆ ತಿರುಗುತ್ತದೆ. ಈ ಕುಸಿತವನ್ನು ಔಷಧಿ ತಡೆಯಲಾರದು. ಚಲನೆಯೇ ತಡೆಯಬೇಕು. ಆ ಚಲನೆ ಎಷ್ಟು, ಯಾವಾಗ, ಯಾವ ದಿಕ್ಕಿನಲ್ಲಿ ಎಂಬ ಅಳತೆಯೇ ಈ ವಿದ್ಯೆ. ಅವಸರಪಟ್ಟರೆ ಕೂಡುತ್ತಿರುವ ಮೂಳೆ ಜಾರುತ್ತದೆ; ಹಿಂಜರಿದರೆ ಕೀಲು ಕಲ್ಲಾಗುತ್ತದೆ.

ಇದರ ಜೊತೆಗೆ ಇನ್ನೊಂದು ವಿದ್ಯೆಯೂ ಬೇಕು. ಅದನ್ನು ಯಾವ ಪುಸ್ತಕವೂ ಕಲಿಸುವುದಿಲ್ಲ. ಮೊಣಕಾಲು ಮಡಿಸುವಾಗ ಆಗುವ ನೋವಿಗೆ ಗಟ್ಟಿಮುಟ್ಟಾದ ಸಿಪಾಯಿಯೂ ಹಲ್ಲು ಕಚ್ಚುತ್ತಾನೆ, ಬೈಯುತ್ತಾನೆ, ಕೆಲವೊಮ್ಮೆ ಅಳುತ್ತಾನೆ. ನಾಳೆ ಮತ್ತೆ ಬರುವಂತೆ ಅವನನ್ನು ಒಪ್ಪಿಸುವುದು ಸಣ್ಣ ಕೆಲಸವಲ್ಲ.

1919ರ ಹೊತ್ತಿಗೆ ಯುದ್ಧ ಮುಗಿದಿತ್ತು. ಗಾಯಾಳುಗಳು ಮನೆಗೆ ಹೋದರು, ಸಹಾಯಕಿಯರ ಸಂಖ್ಯೆಯೂ ಇಳಿಯಿತು. ಕೆಲವರು ಸೈನ್ಯ ಬಿಟ್ಟು ಊರಿನ ಆಸ್ಪತ್ರೆಗಳಿಗೆ ತೆರಳಿದರು. 1921ರಲ್ಲಿ ಅವರೆಲ್ಲ ಸೇರಿ ಕಟ್ಟಿದ ಸಂಘಕ್ಕೆ ಮೇರಿ ಮೆಕ್‌ಮಿಲನ್ ಮೊದಲ ಅಧ್ಯಕ್ಷೆ. ಅದೇ ವರ್ಷ ಅಂಗಮರ್ದನ ಮತ್ತು ಚಿಕಿತ್ಸಕ ವ್ಯಾಯಾಮಗಳ ಮೇಲೆ ಅವರ ಪುಸ್ತಕವೂ ಹೊರಬಂತು. ವೋಗೆಲ್ ಸೈನ್ಯ ಬಿಡಲಿಲ್ಲ. ಬಿಡದಿದ್ದುದರಿಂದಲೇ ಅವರ ಹೆಸರು ಇಂದು ಉಳಿದಿದೆ ಎನ್ನಬೇಕು.

1922ರಲ್ಲಿ ವಾಲ್ಟರ್ ರೀಡ್ ಆಸ್ಪತ್ರೆಯಲ್ಲಿ ಸೈನ್ಯ ತನ್ನದೇ ಆದ ಫಿಸಿಯೋಥೆರಪಿ ತರಗತಿಯನ್ನು ತೆರೆದಾಗ ಅದರ ಮೇಲ್ವಿಚಾರಣೆ ವೋಗೆಲ್ ಅವರ ಪಾಲಿಗೆ ಬಂತು. ಯುದ್ಧವಿಲ್ಲದ ಕಾಲದ ಸೈನ್ಯಕ್ಕೆ ಹಣದ ಬಿಗಿ. ದೇಹರಚನಾಶಾಸ್ತ್ರ, ಶರೀರಕ್ರಿಯೆ, ವ್ಯಾಯಾಮ, ಜಲಚಿಕಿತ್ಸೆ, ವಿದ್ಯುತ್ ಚಿಕಿತ್ಸೆ ಎಂದು ಪಾಠ ನಡೆಯುತ್ತಿತ್ತು; ಹೊರಬಂದವರು ಸೈನ್ಯದ ಆಸ್ಪತ್ರೆಗಳಿಗೆ ಒಬ್ಬಿಬ್ಬರಂತೆ ಹಂಚಿಹೋಗುತ್ತಿದ್ದರು. ಮುಂದಿನ ಇಪ್ಪತ್ತು ವರ್ಷಗಳ ಅವರ ಜೀವನದಲ್ಲಿ ಪತ್ರಿಕೆಗಳ ಮುಖಪುಟಕ್ಕೆ ಒಗ್ಗುವಂಥದು ಏನೂ ಇಲ್ಲ. ಆದರೆ ಅಧ್ಯಾಪಕ ವೃತ್ತಿಯನ್ನು ಬಲ್ಲವರಿಗೆ ಗೊತ್ತು, ಇಪ್ಪತ್ತು ವರ್ಷ ಒಂದೇ ಹಲಗೆಯ ಮುಂದೆ ನಿಂತವರು ತಮಗರಿವಿಲ್ಲದೆಯೇ ಒಂದು ಸೈನ್ಯವನ್ನು ಕಟ್ಟಿರುತ್ತಾರೆ.

ಬಿಲ್ಲೆಯಿಲ್ಲದ ಸೇವೆ

ಇಲ್ಲಿ ಒಂದು ವಿಚಿತ್ರವನ್ನು ಹೇಳಬೇಕು. ಇಷ್ಟೆಲ್ಲ ಮಾಡುತ್ತಿದ್ದ ಈ ಮಹಿಳೆಯರು ಸೈನಿಕರಲ್ಲ. ಸೈನ್ಯದ ಆಸ್ಪತ್ರೆಯಲ್ಲಿ ದುಡಿಯುತ್ತಿದ್ದರು, ಸೈನ್ಯ ಹೇಳಿದ ಕಡೆ ಹೋಗುತ್ತಿದ್ದರು, ಸೈನ್ಯ ಗೊತ್ತುಮಾಡಿದ ಸಮವಸ್ತ್ರ ಧರಿಸುತ್ತಿದ್ದರು. ಆದರೆ ಕಾನೂನಿನ ಕಣ್ಣಿಗೆ ಅವರು ಕಚೇರಿಯ ಗುಮಾಸ್ತರಂತೆ ಬರಿಯ ನಾಗರಿಕ ನೌಕರರು. ದಾದಿಯರಿಗೆ 1920ರಲ್ಲೇ ಒಂದು ಬಗೆಯ ಪದವಿ ದೊರೆತಿತ್ತು. ಇವರಿಗೆ ಅದೂ ಇರಲಿಲ್ಲ. ಭುಜದ ಮೇಲೆ ಬಿಲ್ಲೆಯಿಲ್ಲದವರ ಮಾತಿಗೆ ಸೈನ್ಯದಲ್ಲಿ ತೂಕವೆಷ್ಟು ಎಂಬುದನ್ನು ಬಿಡಿಸಿ ಹೇಳಬೇಕಾಗಿಲ್ಲ.

ಶಾಂತಿಯ ದಿನಗಳಲ್ಲಿ ಇದು ಸಂಬಳದ, ಮರ್ಯಾದೆಯ ಪ್ರಶ್ನೆ. ಯುದ್ಧದ ದಿನಗಳಲ್ಲಿ ಏನಾದೀತೆಂಬುದು ಫಿಲಿಪ್ಪೀನ್ಸ್ ದ್ವೀಪಗಳಲ್ಲಿ ಗೊತ್ತಾಯಿತು.

1941ರ ಡಿಸೆಂಬರಿನಲ್ಲಿ ಜಪಾನು ಆ ದ್ವೀಪಗಳ ಮೇಲೆ ಬಿದ್ದಾಗ ಅಲ್ಲಿನ ಅಮೆರಿಕನ್ ಸೈನ್ಯದ ಆಸ್ಪತ್ರೆಯಲ್ಲಿ ಬ್ರುನೆಟ್ಟಾ ಕ್ಯೂಲ್ತೌ ಎಂಬ ಫಿಸಿಯೋಥೆರಪಿಸ್ಟ್ ಇದ್ದರು. ರೋಗಿಗಳ ಆಹಾರ ನೋಡಿಕೊಳ್ಳುತ್ತಿದ್ದ ರೂಬಿ ಮಾಟ್ಲಿ ಎಂಬಾಕೆಯೂ ಇದ್ದರು. ಬಟಾನ್ ಬಿತ್ತು, ಕೊರೆಗಿಡಾರ್ ಕೋಟೆ 1942ರ ಮೇ ತಿಂಗಳಲ್ಲಿ ಶರಣಾಯಿತು. ದಾದಿಯರೊಂದಿಗೆ ಇವರಿಬ್ಬರೂ ಸೆರೆ ಸಿಕ್ಕರು. ಮನಿಲಾ ನಗರದ ಸಾಂತೋ ತೋಮಾಸ್ ವಿಶ್ವವಿದ್ಯಾನಿಲಯದ ಆವರಣವೇ ಸೆರೆಯ ಶಿಬಿರವಾಗಿತ್ತು. ಅಮೆರಿಕದ ಪಡೆಗಳು 1945ರ ಫೆಬ್ರವರಿಯಲ್ಲಿ ಬಾಗಿಲು ಮುರಿದು ಒಳಹೊಕ್ಕಾಗ ಶಿಬಿರದಲ್ಲಿದ್ದವರು ಹಸಿವಿನಿಂದ ಬರಿಯ ಮೂಳೆಯ ಹಂದರವಾಗಿದ್ದರು. ಸೆರೆ ಸಿಕ್ಕ ದಿನ ದಾದಿಯರು ಪದವಿಯುಳ್ಳವರು. ಅವರ ಪಕ್ಕದಲ್ಲೇ ಅದೇ ಬಾಂಬಿನ ಕೆಳಗೆ ಅದೇ ಗಾಯಾಳುಗಳ ಸೇವೆ ಮಾಡಿದ ಈ ಇಬ್ಬರು ಬರಿಯ ನೌಕರರು.

ಅದೇ ಶಿಬಿರದಲ್ಲಿ ಇನ್ನೊಬ್ಬರಿದ್ದರು. ಪೀಕಿಂಗಿನ ವೈದ್ಯಕೀಯ ಕಾಲೇಜಿನಲ್ಲಿ ವರ್ಷಗಟ್ಟಲೆ ಪಾಠ ಹೇಳಿ, ತಾಯ್ನಾಡಿಗೆ ಮರಳುವ ದಾರಿಯಲ್ಲಿ ಮನಿಲಾದಲ್ಲಿ ಯುದ್ಧಕ್ಕೆ ಸಿಕ್ಕಿಬಿದ್ದ ಅರುವತ್ತು ದಾಟಿದ ಹೆಂಗಸು. ಆಕೆ ಬೇರೆ ಯಾರೂ ಅಲ್ಲ, ರೀಡ್ ಕಾಲೇಜಿನಲ್ಲಿ ವೋಗೆಲ್ ಅವರಿಗೆ ಪಾಠ ಹೇಳಿದ ಮೇರಿ ಮೆಕ್‌ಮಿಲನ್. ಸೆರೆಯಲ್ಲಿಯೂ ಅವರು ಸುಮ್ಮನೆ ಕೂಡಲಿಲ್ಲ. ಇದ್ದುದರಲ್ಲೇ ಒಂದು ಚಿಕಿತ್ಸಾ ಕೋಣೆ ಹೂಡಿ ಜೊತೆಯ ಬಂದಿಗಳ ಕೈಕಾಲು ನೋಡಿಕೊಂಡರು.

ವಾಷಿಂಗ್ಟನ್ನಿನಲ್ಲಿ ಈ ನಡುವೆ ಕಾನೂನು ಮೆಲ್ಲನೆ ಹೊರಳುತ್ತಿತ್ತು. 1942ರ ಡಿಸೆಂಬರ್ 22ರಂದು, ಎಂದರೆ ಕೊರೆಗಿಡಾರ್ ಬಿದ್ದು ಏಳು ತಿಂಗಳ ಮೇಲೆ, ಸೈನ್ಯದ ಫಿಸಿಯೋಥೆರಪಿಸ್ಟರಿಗೂ ಆಹಾರತಜ್ಞೆಯರಿಗೂ ‘ಸಾಪೇಕ್ಷ ಪದವಿ’ ಕೊಡುವ ಕಾಯಿದೆ ಹೊರಟಿತು. ಸಾಪೇಕ್ಷ ಎಂದರೆ ಬಿಲ್ಲೆ ಉಂಟು, ಹೆಸರಿನ ಹಿಂದೆ ಲೆಫ್ಟಿನೆಂಟ್ ಎಂದು ಉಂಟು, ಆದರೆ ಗಂಡು ಅಧಿಕಾರಿಯ ಪೂರ್ಣ ಅಧಿಕಾರವಿಲ್ಲ. ಮನೆಯ ಬೀಗದ ಕೈಯನ್ನು ಸೊಸೆಯ ಸೊಂಟಕ್ಕೆ ಸಿಕ್ಕಿಸಿ ಪೆಟ್ಟಿಗೆಯ ಕೈಯನ್ನು ಅತ್ತೆ ಇಟ್ಟುಕೊಂಡಂತೆ! ಆದರೂ ಅದು ಮೊದಲ ಮೆಟ್ಟಿಲು. 1943ರಲ್ಲಿ ವೋಗೆಲ್ ಮೇಜರ್ ಆದರು. ಇಡೀ ಸೈನ್ಯದ ಫಿಸಿಯೋಥೆರಪಿಸ್ಟರ ನಿರ್ದೇಶಕ ಸ್ಥಾನ ಅವರದಾಯಿತು.

ಈಗ ಆ ಇಪ್ಪತ್ತು ವರ್ಷಗಳ ಪಾಠ ಫಲಕ್ಕೆ ಬಂತು. ಪೆನಿಸಿಲಿನ್ ಬಂದಿದ್ದರಿಂದ, ರಕ್ತ ಕೊಡುವ ಕ್ರಮ ಸುಧಾರಿಸಿದ್ದರಿಂದ, ಹಿಂದಿನ ಯುದ್ಧದಲ್ಲಿ ಸಾಯುತ್ತಿದ್ದ ಗಾಯಾಳುಗಳು ಈ ಯುದ್ಧದಲ್ಲಿ ಬದುಕಿದರು. ಬದುಕಿದವರ ಪೈಕಿ ಕಾಲಿಲ್ಲದವರು, ನರ ತುಂಡಾದವರು, ಬೆನ್ನುಹುರಿಗೆ ಪೆಟ್ಟಾದವರು ಲೆಕ್ಕವಿಲ್ಲದಷ್ಟು. ಯುದ್ಧಾರಂಭದಲ್ಲಿ ಬೆರಳೆಣಿಕೆಯಷ್ಟಿದ್ದ ಸೈನ್ಯದ ಫಿಸಿಯೋಥೆರಪಿಸ್ಟರ ಸಂಖ್ಯೆ ಯುದ್ಧ ಮುಗಿಯುವ ವೇಳೆಗೆ ಸಾವಿರವನ್ನು ದಾಟಿತು. ಅಷ್ಟು ಜನರನ್ನು ಆಯ್ದು, ತುರ್ತು ತರಗತಿಗಳಲ್ಲಿ ಕಲಿಸಿ, ಕಡಲಾಚೆಯ ಆಸ್ಪತ್ರೆಗಳಿಗೆ ಹಂಚಿ, ಪಾಠದ ಮಟ್ಟ ಇಳಿಯದಂತೆ ಕಾಯುವುದು ನಿರ್ದೇಶಕರ ಹೊಣೆ. ಯಾವ ರೋಗಿಯನ್ನು ಮುಟ್ಟದಿದ್ದರೂ ಅವರ ಕೈ ಎಲ್ಲ ಮಂಚಗಳನ್ನೂ ಮುಟ್ಟುತ್ತಿತ್ತು.

ಈ ವರ್ಷಗಳಲ್ಲೇ ವಿದ್ಯೆಯಲ್ಲಿಯೂ ಒಂದು ತಿರುವು ಕಂಡಿತು. ಷಿಕಾಗೋ ನಗರದ ಗಾರ್ಡಿನರ್ ಸೈನಿಕ ಆಸ್ಪತ್ರೆಯಲ್ಲಿ ಥಾಮಸ್ ಡಿಲೋರ್ಮ್ ಎಂಬ ತರುಣ ವೈದ್ಯಾಧಿಕಾರಿಗೆ ಒಂದು ಸಂಶಯ ಹುಟ್ಟಿತು. ಮೊಣಕಾಲಿನ ಶಸ್ತ್ರಕ್ರಿಯೆಯಾದವರಿಗೆ ಭಾರವಿಲ್ಲದ ಹಗುರ ವ್ಯಾಯಾಮವನ್ನು ನೂರು ಸಲ ಮಾಡಿಸುತ್ತಿದ್ದರು. ಅದರಿಂದ ದಣಿಯದ ಶಕ್ತಿ ಬರುತ್ತದೆ, ಬಲ ಬರುವುದಿಲ್ಲ ಎಂಬುದು ಅವರ ವಾದ. ಹುಡುಗನಾಗಿದ್ದಾಗ ಸಂಧಿವಾತದ ಜ್ವರದಿಂದ ನರಳಿ, ಕಬ್ಬಿಣದ ಗುಂಡು ಎತ್ತಿ ಎತ್ತಿ ಮೈ ಕಟ್ಟಿಕೊಂಡವರು ಡಿಲೋರ್ಮ್. ರೋಗಿಯ ಪಾದಕ್ಕೆ ಕಬ್ಬಿಣದ ಜೋಡು ಕಟ್ಟಿ, ಹತ್ತು ಸಲ ಮಾತ್ರ ಎತ್ತಬಲ್ಲಷ್ಟು ಭಾರ ಹೇರಿ, ವಾರವಾರಕ್ಕೂ ಭಾರ ಹೆಚ್ಚಿಸುತ್ತ ಬಂದರು. ಸೊರಗಿದ ತೊಡೆ ಮತ್ತೆ ತುಂಬಿತು. 1945ರಲ್ಲಿ ಅವರ ಲೇಖನ ಪ್ರಕಟವಾದ ಮೇಲೆ ಈ ಪದ್ಧತಿ ಲೋಕವೆಲ್ಲ ಹಬ್ಬಿತು. ತುಮಕೂರಿನ ಗರಡಿಯ ಹಿರಿಯರು ಇದನ್ನು ಕೇಳಿದ್ದರೆ ನಗುತ್ತಿದ್ದರೇನೋ. ಮೊದಲು ಸಣ್ಣ ಗದೆ, ಆಮೇಲೆ ದೊಡ್ಡ ಗದೆ ಎಂಬ ಕ್ರಮ ಅವರಿಗೆ ಹೊಸದಲ್ಲ. ಹೊಸದು ಇದ್ದದ್ದು ಅಳತೆಯಲ್ಲಿ, ಬರೆದಿಡುವುದರಲ್ಲಿ, ರೋಗಿಯ ಕಾಲಿಗೂ ಅದು ಸಲ್ಲುತ್ತದೆಂಬ ಧೈರ್ಯದಲ್ಲಿ.

1944ರ ಜೂನ್ 22ರ ಕಾಯಿದೆ ಪೂರ್ಣ ಅಧಿಕಾರದ ಪದವಿಯನ್ನು ಕೊಟ್ಟಿತು, ಆದರೆ ಯುದ್ಧಕಾಲಕ್ಕೆ ಮಾತ್ರ. ಯುದ್ಧ ಮುಗಿದ ಮೇಲೆ ಮತ್ತೆ ಹಳೆಯ ಸ್ಥಿತಿಗೇ ತಳ್ಳಿಬಿಡುವರೋ ಎಂಬ ಅಳುಕಿಗೆ 1947ರ ಏಪ್ರಿಲ್ 16ರಂದು ಕೊನೆ ಬಂತು. ಅಂದು ಜಾರಿಗೆ ಬಂದ ಕಾಯಿದೆಯಿಂದ ‘ಮಹಿಳಾ ವೈದ್ಯಕೀಯ ತಜ್ಞರ ದಳ’ ಎಂಬ ಖಾಯಂ ದಳ ಹುಟ್ಟಿತು. ಆಹಾರತಜ್ಞೆಯರು, ಫಿಸಿಯೋಥೆರಪಿಸ್ಟರು, ಕೈಕಸುಬಿನ ಮೂಲಕ ಚಿಕಿತ್ಸೆ ನೀಡುವವರು ಎಂದು ಅದಕ್ಕೆ ಮೂರು ಶಾಖೆ. ದಳದ ಮುಖ್ಯಸ್ಥೆಗೆ ಕರ್ನಲ್ ಪದವಿ. ಮೊದಲ ಮುಖ್ಯಸ್ಥೆ ಕರ್ನಲ್ ಎಮ್ಮಾ ವೋಗೆಲ್.

1918ರಲ್ಲಿ ಪದವಿಯಿಲ್ಲದ ಸಹಾಯಕಿಯಾಗಿ ಬಂದವರು 1951ರಲ್ಲಿ ಕರ್ನಲ್ ಆಗಿ ನಿವೃತ್ತರಾದರು. ನಾಲ್ಕು ವರ್ಷ ಕಳೆದು ಒಂದು ತಮಾಷೆ ನಡೆಯಿತು. ಸ್ತ್ರೀಯರದೇ ಆಗಿದ್ದ ಈ ದಳಕ್ಕೆ ಗಂಡಸರನ್ನೂ ಸೇರಿಸಿಕೊಳ್ಳಬೇಕೆಂದು 1955ರ ಆಗಸ್ಟಿನಲ್ಲಿ ಕಾಯಿದೆ ಮಾಡಬೇಕಾಯಿತು. ದಳದ ಹೆಸರಿನಿಂದ ‘ಮಹಿಳಾ’ ಎಂಬ ಮಾತು ಬಿದ್ದುಹೋಯಿತು. ಪುರುಷರು ಕಾಯಿದೆಯ ಬಾಗಿಲು ತಟ್ಟಿ ಹೆಂಗಸರ ಸಾಲಿನಲ್ಲಿ ನಿಂತ ಉದಾಹರಣೆ ಸೈನ್ಯದ ಚರಿತ್ರೆಯಲ್ಲಿ ಅಪರೂಪವೇ.

ಮೊದಲ ಯುದ್ಧದ ಸಹಾಯಕಿಯರ ಗತಿ ಏನಾಯಿತು? ಅವರು ನಾಗರಿಕ ನೌಕರರಾಗಿಯೇ ಉಳಿದರು. ಮಾಜಿ ಸೈನಿಕರಿಗೆ ಸಲ್ಲುವ ಸೌಲಭ್ಯಗಳನ್ನು ಇಂಥ ತಂಡಗಳಿಗೂ ವಿಸ್ತರಿಸಲು ಅವಕಾಶ ಕೊಟ್ಟ ಕಾಯಿದೆ ಬಂದದ್ದು 1977ರಲ್ಲಿ. ಅದರ ಆಧಾರದ ಮೇಲೆ ಮುಂದೆ ಅವರ ಸೇವೆ ಸೈನಿಕ ಸೇವೆಯೆಂದು ಗಣನೆಗೆ ಬಂದಿತು. ಅಷ್ಟರೊಳಗೆ 1918ರ ತರುಣಿಯರು ಎಂಬತ್ತು, ತೊಂಬತ್ತು ವರ್ಷದ ಮುದುಕಿಯರು. ಮೇರಿ ಮೆಕ್‌ಮಿಲನ್ 1959ರಲ್ಲೇ ತೀರಿಕೊಂಡಿದ್ದರು.

ಕರ್ನಲ್ಲಿನಿಂದ ಆಚೆಗೆ

ಪದವಿ ಬಂದದ್ದರಿಂದ ರೋಗಿಗೇನು ಲಾಭ ಎಂದು ಕೇಳುವವರಿದ್ದಾರೆ. ಉತ್ತರ 1970ರ ದಶಕದ ಆರಂಭದಲ್ಲಿ ದೊರೆಯಿತು. ಆಗ ಅಮೆರಿಕದ ಸೈನ್ಯದಲ್ಲಿ ಮೂಳೆವೈದ್ಯರ ಅಭಾವ. ಬೆನ್ನುನೋವು, ಮಂಡಿನೋವು ಎಂದು ಸಾಲುಗಟ್ಟಿದ ಸೈನಿಕರು ವಾರಗಟ್ಟಲೆ ಕಾಯುತ್ತಿದ್ದರು. ಇಂಥವರನ್ನು ಮೊದಲು ಫಿಸಿಯೋಥೆರಪಿಸ್ಟರೇ ಪರೀಕ್ಷಿಸಲಿ, ಶಸ್ತ್ರಕ್ರಿಯೆ ಬೇಕಾದವರನ್ನಷ್ಟೇ ವೈದ್ಯರ ಬಳಿಗೆ ಕಳುಹಿಸಲಿ ಎಂದು ಸೈನ್ಯ ಗೊತ್ತುಮಾಡಿತು. ನಾಗರಿಕ ಆಸ್ಪತ್ರೆಗಳು ಇದನ್ನು ಒಪ್ಪಲು ಇನ್ನೂ ಬಹುಕಾಲ ಬೇಕಾಯಿತು. ಭುಜದ ಮೇಲೆ ಬಿಲ್ಲೆಯುಳ್ಳ, ಸ್ವಂತ ನಿರ್ಣಯಕ್ಕೆ ತಾನೇ ಹೊಣೆಯಾಗಬಲ್ಲ ಅಧಿಕಾರಿಯಾಗಿದ್ದರಿಂದಲೇ ಈ ನಂಬಿಕೆ ಸಾಧ್ಯವಾಯಿತೆನ್ನಬಹುದು.

ವೋಗೆಲ್ ಏರಿದ ಮೆಟ್ಟಿಲಿಗಿಂತ ಮೇಲಕ್ಕೆ ಹೋದವರು ಡೀಡ್ರಾ ಟೇಹೆನ್. ಸೈನ್ಯವೂ ಬೇಯ್ಲರ್ ವಿಶ್ವವಿದ್ಯಾನಿಲಯವೂ ಕೂಡಿ ನಡೆಸುವ ತರಗತಿಯಲ್ಲಿ ಫಿಸಿಯೋಥೆರಪಿ ಕಲಿತು, ದೇಹದ ಚಲನೆಯ ಯಂತ್ರಶಾಸ್ತ್ರದಲ್ಲಿ ಟೆಕ್ಸಸ್ ವಿಶ್ವವಿದ್ಯಾನಿಲಯದಿಂದ ಪಿಎಚ್.ಡಿ. ಪಡೆದವರು. ಯುದ್ಧದಲ್ಲಿ ಆಗುವ ಗಾಯಕ್ಕಿಂತ ಓಟ, ಕವಾಯಿತು, ಬೆನ್ನಿನ ಹೊರೆಯಿಂದಾಗುವ ಮಂಡಿ, ಕಣಕಾಲು, ಸೊಂಟದ ನೋವೇ ಇಂದಿನ ಸೈನಿಕನನ್ನು ಹೆಚ್ಚಾಗಿ ಮಲಗಿಸುತ್ತದೆ. ಯಾರಿಗೆ ಇಂಥ ನೋವು ಬರಬಹುದೆಂದು ಮೊದಲೇ ಕಂಡುಹಿಡಿಯುವ ಬಗೆಯನ್ನು ಅವರು ಸಂಶೋಧಿಸಿದರು. ನಿದ್ರೆ, ಚಟುವಟಿಕೆ, ಆಹಾರ ಈ ಮೂರನ್ನೂ ಒಟ್ಟಾಗಿ ನೋಡುವ ಸೈನ್ಯದ ಯೋಜನೆಯ ಹೊಣೆಯನ್ನೂ ಹೊತ್ತರು. 2020ರಲ್ಲಿ ಕೊರೊನಾ ವ್ಯಾಪಿಸಿದಾಗ ವಾಲ್ಟರ್ ರೀಡ್ ಹೆಸರಿನ ಸೈನ್ಯದ ಸಂಶೋಧನಾ ಸಂಸ್ಥೆ ಲಸಿಕೆಗಾಗಿ ಹಗಲಿರುಳು ದುಡಿಯುತ್ತಿತ್ತು. ಅದರ ಮುಖ್ಯಸ್ಥರು ಆಗ ಕರ್ನಲ್ ಟೇಹೆನ್. ಮುಂದೆ ಬ್ರಿಗೇಡಿಯರ್ ಜನರಲ್ ಆಗಿ ಸ್ಯಾನ್ ಆಂಟೋನಿಯೋ ನಗರದ ಬ್ರೂಕ್ ಸೈನಿಕ ವೈದ್ಯಕೀಯ ಕೇಂದ್ರವನ್ನು ನಡೆಸಿದರು. ಶಸ್ತ್ರವೈದ್ಯರು, ದಾದಿಯರು, ಸಂಶೋಧಕರು ಎಲ್ಲರೂ ಒಬ್ಬ ಫಿಸಿಯೋಥೆರಪಿಸ್ಟಿನ ಅಪ್ಪಣೆಯನ್ನು ಪಾಲಿಸಿದ ಸಂದರ್ಭವಿದು.

ನಮ್ಮ ದೇಶದ ಮಾತೇನು? ಗಾಯಗೊಂಡ ಸೈನಿಕನನ್ನು ನಡೆಸುವ ಕೆಲಸ ಇಲ್ಲಿಯೂ ಎರಡನೆಯ ಮಹಾಯುದ್ಧದಲ್ಲೇ ಬೇರೂರಿತು. ಪುಣೆಯ ಕೃತಕ ಅಂಗ ಕೇಂದ್ರ ಸ್ಥಾಪನೆಯಾದದ್ದು 1944ರಲ್ಲಿ. ನಾಗರಿಕರಿಗಾಗಿ ಫಿಸಿಯೋಥೆರಪಿ ಶಾಲೆ 1950ರ ದಶಕದ ಮೊದಲ ವರ್ಷಗಳಲ್ಲಿ, ಪೋಲಿಯೋ ಹಾವಳಿಯ 뒤ಲೆ, ಮುಂಬಯಿಯ ಕೆ.ಇ.ಎಂ. ಆಸ್ಪತ್ರೆಯಲ್ಲಿ ವಿಶ್ವ ಆರೋಗ್ಯ ಸಂಸ್ಥೆಯ ನೆರವಿನಿಂದ ಆರಂಭವಾಯಿತು. ಈ ವಿದ್ಯೆ ಏನು ಮಾಡಬಲ್ಲದೆಂಬುದಕ್ಕೆ ಮುರಳಿಕಾಂತ ಪೇಟ್ಕರ್ ಸಾಕ್ಷಿ. 1965ರ ಯುದ್ಧದಲ್ಲಿ ಗುಂಡೇಟು ತಿಂದು ಸೊಂಟದ ಕೆಳಗೆ ಸ್ವಾಧೀನ ತಪ್ಪಿದ ಈ ಸೈನಿಕನನ್ನು ಮುಂಬಯಿಯ ನೌಕಾಪಡೆಯ ಆಸ್ಪತ್ರೆ ಅಶ್ವಿನಿಯಲ್ಲಿ ಚಿಕಿತ್ಸೆಯ ಅಂಗವಾಗಿ ನೀರಿಗಿಳಿಸಿದರು. ನೀರು ದೇಹದ ಭಾರವನ್ನು ಹೊರುತ್ತದೆ. ನೆಲದ ಮೇಲೆ ಆಗದ ಚಲನೆ ಅಲ್ಲಿ ಆಗುತ್ತದೆ. 1972ರಲ್ಲಿ ಜರ್ಮನಿಯ ಹೈಡೆಲ್‌ಬರ್ಗಿನಲ್ಲಿ ನಡೆದ ಪ್ಯಾರಾಲಿಂಪಿಕ್ಸಿನ 50 ಮೀಟರ್ ಈಜಿನಲ್ಲಿ ಅವರಿಗೆ ಚಿನ್ನದ ಪದಕ. ಪ್ಯಾರಾಲಿಂಪಿಕ್ಸಿನಲ್ಲಿ ಭಾರತಕ್ಕೆ ಬಂದ ಮೊದಲ ಚಿನ್ನ ಅದು. ಪದ್ಮಶ್ರೀ ಬರಲು ಮಾತ್ರ 2018 ಆಗಬೇಕಾಯಿತು!

ಸೈನ್ಯದ ವೈದ್ಯಕೀಯ ಶಾಖೆಯಲ್ಲಿ ಭಾರತದ ಮಹಿಳೆಯರು ಎತ್ತರಕ್ಕೇರಿಲ್ಲವೆಂದಲ್ಲ. 2004ರಲ್ಲಿ ಪುನೀತಾ ಅರೋರಾ ಮೊದಲ ಮಹಿಳಾ ಲೆಫ್ಟಿನೆಂಟ್ ಜನರಲ್ ಆದರು. ನಮ್ಮ ಧಾರವಾಡದಲ್ಲಿ ಹುಟ್ಟಿದ ಮಾಧುರಿ ಕಾನಿಟ್ಕರ್, ಮಕ್ಕಳ ಮೂತ್ರಪಿಂಡದ ರೋಗಗಳ ತಜ್ಞೆ, 2020ರಲ್ಲಿ ಅದೇ ಪದವಿಗೇರಿದರು. 2024ರಲ್ಲಿ ಆರತಿ ಸರೀನ್ ಮೂರೂ ಪಡೆಗಳ ವೈದ್ಯಕೀಯ ಸೇವೆಯ ಮಹಾನಿರ್ದೇಶಕರಾದ ಮೊದಲ ಮಹಿಳೆ. ಇವರೆಲ್ಲರೂ ವೈದ್ಯರು. ಫಿಸಿಯೋಥೆರಪಿಯ ಬಾಗಿಲಿನಿಂದ ಬಂದವರ ಹೆಸರು ಈ ಸಾಲಿನಲ್ಲಿಲ್ಲ.

ಆ ಬಾಗಿಲಿನ ಬಳಿ ಇನ್ನೂ ಹೆಸರಿನ ಜಗಳವೇ ಮುಗಿದಿಲ್ಲ. 2021ರಲ್ಲಿ ಸಂಸತ್ತು ಫಿಸಿಯೋಥೆರಪಿಯೇ ಮೊದಲಾದ ಆರೋಗ್ಯ ವೃತ್ತಿಗಳಿಗೆ ರಾಷ್ಟ್ರೀಯ ಆಯೋಗವನ್ನು ರಚಿಸುವ ಕಾಯಿದೆ ಮಾಡಿತು. 2025ರ ಸೆಪ್ಟೆಂಬರಿನಲ್ಲಿ, ಈ ವೃತ್ತಿಯವರು ಹೆಸರಿನ ಹಿಂದೆ ‘ಡಾಕ್ಟರ್’ ಎಂದು ಬರೆದುಕೊಳ್ಳಬಾರದೆಂದು ಕೇಂದ್ರದ ಆರೋಗ್ಯ ಸೇವೆಗಳ ನಿರ್ದೇಶನಾಲಯದಿಂದ ಪತ್ರ ಹೊರಟಿತು. ಮರುದಿನವೇ ಅದನ್ನು ಹಿಂದಕ್ಕೆ ಪಡೆಯಲಾಯಿತು. ಎರಡು ಕಡೆಯವರಿಗೂ ಅವರವರ ನ್ಯಾಯವಿದೆ. ಆದರೆ ವೋಗೆಲ್ ಅವರ ಕಾಲದ ಜಗಳ ಹೆಸರಿಗಾಗಿ ಅಲ್ಲ, ಹೊಣೆಗಾಗಿ ನಡೆದದ್ದು ಎಂಬುದನ್ನು ಇಬ್ಬರೂ ನೋಡಬೇಕು.

ನಿವೃತ್ತಿಯ ನಂತರ ವೋಗೆಲ್ ಇನ್ನೊಂದು ಕೆಲಸ ಮಾಡಿದರು. ತಮ್ಮ ದಳದ ಚರಿತ್ರೆಯನ್ನು ಸೈನ್ಯ ಬರೆಯಿಸಿದಾಗ ಅದರ ಆರಂಭದ ಅಧ್ಯಾಯಗಳಿಗೆ ಅವರೂ ಲೇಖನಿ ಹಿಡಿದರು; 1968ರಲ್ಲಿ ಆ ಗ್ರಂಥ ಅಚ್ಚಾಯಿತು. ಸಹಾಯಕಿಯರ ಆಯ್ಕೆಯ ನಿಯಮ, ಸಮವಸ್ತ್ರ, ಸಂಬಳ, ತರಗತಿಯ ಪಾಠಗಳು, ಆಸ್ಪತ್ರೆಗಳ ಹೆಸರು, ಎಲ್ಲವೂ ಅದರಲ್ಲಿ ವಿವರವಾಗಿ ದಾಖಲಾಗಿವೆ. ಹಾಜರಿ ಪುಸ್ತಕವನ್ನು ಮೂವತ್ತು ವರ್ಷ ತಪ್ಪದೆ ಬರೆದ ಉಪಾಧ್ಯಾಯಿನಿಯ ಕೈ ಅದು.

ತುಮಕೂರಿನ ಯಾವುದೇ ದೊಡ್ಡ ಆಸ್ಪತ್ರೆಗೆ ಬೆಳಗಿನ ಹೊತ್ತು ಹೋದರೆ ನೆಲಮಹಡಿಯ ಒಂದು ಮೂಲೆಯಲ್ಲಿ ಆ ಕೋಣೆ ಕಾಣುತ್ತದೆ. ಗೋಡೆಗೆ ಒಂದು ಚಕ್ರ, ನೆಲಕ್ಕೆ ಎರಡು ಸಮಾನಾಂತರ ಕಂಬಿಗಳು, ಮೇಜಿನ ಮೇಲೆ ಮರಳಿನ ಚೀಲಗಳು. ಹೆದ್ದಾರಿಯಲ್ಲಿ ಸ್ಕೂಟರಿನಿಂದ ಬಿದ್ದ ಹುಡುಗ, ಲಕ್ವ ಹೊಡೆದ ನಿವೃತ್ತ ಮೇಷ್ಟರು, ಮಂಡಿ ಬದಲಿಸಿಕೊಂಡ ಅಜ್ಜಿ ಸಾಲಾಗಿ ಕುಳಿತಿರುತ್ತಾರೆ. ಬಿಳಿಯ ಕೋಟು ತೊಟ್ಟ ಹುಡುಗಿಯೊಬ್ಬಳು ಅಜ್ಜಿಯ ಎದುರು ಹಿಮ್ಮುಖವಾಗಿ ನಡೆಯುತ್ತ, “ಇನ್ನೊಂದು ಹೆಜ್ಜೆ ಇಡಿ ಅಜ್ಜಿ, ನಾನು ಹಿಡ್ಕೊಂಡಿದೀನಿ” ಎನ್ನುತ್ತಾಳೆ. ಅಜ್ಜಿ ಅವಳನ್ನು ಬೈಯುತ್ತಲೇ ಕಾಲೆತ್ತಿಡುತ್ತಾಳೆ.